ಕೌಬಾಯ್ ನಾಯಕನ ಕಣ್ಣೀರಿಗೆ ಕೀಟನ್ ಕೊಟ್ಟ ಉತ್ತರ: ‘ದಿ ಫ್ರೋಜನ್ ನಾರ್ತ್’

ವೆಸ್ಟರ್ನ್ ಚಿತ್ರಗಳನ್ನು, ಅಂದರೆ ಅಮೆರಿಕದ ಕೌಬಾಯ್ ಕಥೆಗಳನ್ನು, ಅಣಕಿಸುವ ಹಾಸ್ಯಚಿತ್ರಗಳು ಹೆಚ್ಚಾಗಿ ನಾಯಕನ ಉಡುಪಿಗೇ ಕೈ ಹಾಕುತ್ತವೆ. ಅಳತೆ ಮೀರಿದ ಟೋಪಿ, ಹೇಳಿದ ಮಾತು ಕೇಳದ ಕುದುರೆ, ಬೇಕಾದ ಹೊತ್ತಿಗೆ ಸಿಡಿಯದ ಪಿಸ್ತೂಲು, ಇಷ್ಟಿದ್ದರೆ ಪ್ರೇಕ್ಷಕ ನಗುತ್ತಾನೆ ಎಂಬ ಲೆಕ್ಕಾಚಾರದಲ್ಲಿ ಹುಟ್ಟಿದವು ಅವುಗಳಲ್ಲಿ ಬಹುಪಾಲು. ಮೂಕಿ ಕಾಲದ ಹಾಸ್ಯನಟ ಬಸ್ಟರ್ ಕೀಟನ್ 1922ರಲ್ಲಿ ಎಡ್ವರ್ಡ್ ಕ್ಲೈನ್ ಜೊತೆಗೂಡಿ ಬರೆದು ನಿರ್ದೇಶಿಸಿ, ಮುಖ್ಯ ಪಾತ್ರವನ್ನೂ ತಾನೇ ವಹಿಸಿದ ‘ದಿ ಫ್ರೋಜನ್ ನಾರ್ತ್’ ಎಂಬ ಎರಡು ರೀಲಿನ ಮೂಕಿ ಚಿತ್ರ ಆ ಜಾತಿಗೆ ಸೇರುವುದಿಲ್ಲ. ಸುಮಾರು 17 ನಿಮಿಷಗಳ ಈ ಚಿತ್ರದಲ್ಲಿ ಮರುಭೂಮಿಯಿಲ್ಲ, ದನಗಳ ಹಿಂಡಿಲ್ಲ. ಕಥೆ ನಡೆಯುವುದು ಹಿಮ ಹೊದ್ದ ಉತ್ತರದ ಕೊನೆಯಲ್ಲಿ. ಆದರೂ ವೆಸ್ಟರ್ನ್ ನಾಯಕನ ಮನಸ್ಸನ್ನು ಇಷ್ಟು ನಿರ್ದಯವಾಗಿ ಬಿಡಿಸಿಟ್ಟ ಇನ್ನೊಂದು ಕಿರುಚಿತ್ರವನ್ನು ನಾನು ಕಂಡಿಲ್ಲ. ಅದರ ಮೊದಲ ಅರ್ಧ ಅತ್ಯುತ್ತಮವಾಗಿದೆ. ಎರಡನೆಯ ಅರ್ಧ ದಾರಿ ತಪ್ಪಿದೆ. ಈ ಎರಡಕ್ಕೂ ಕಾರಣ ಒಂದೇ ಎಂಬುದು ನನ್ನ ಅನಿಸಿಕೆ.

ಚಿತ್ರ ತೆರೆದುಕೊಳ್ಳುವ ರೀತಿಯನ್ನೇ ನೋಡಿ. ಮನೆ ಮರಗಳ ಸುಳಿವಿಲ್ಲದ ಬಿಳಿ ಬಯಲಿನ ನಡುವೆ ಮಹಾನಗರದ ನೆಲದಡಿಯ ರೈಲು ನಿಲ್ದಾಣದ ದ್ವಾರವೊಂದು ಎದ್ದು ನಿಂತಿದೆ. ಮಾರ್ಗದ ಕಟ್ಟಕಡೆಯ ನಿಲ್ದಾಣವಂತೆ ಅದು. ಆ ಮೆಟ್ಟಿಲುಗಳನ್ನು ಹತ್ತಿ, ಕೌಬಾಯ್ ವೇಷದ ಕೀಟನ್ ಮೇಲೆ ಬರುತ್ತಾನೆ. ಗಂಭೀರ ವೆಸ್ಟರ್ನ್ ಚಿತ್ರದಲ್ಲಿ ನಾಯಕನ ಪ್ರವೇಶಕ್ಕೆ ಒಂದು ಕಟ್ಟುಪಾಡಿದೆ: ಅವನು ದಿಗಂತದ ಕಡೆಯಿಂದ ಒಂಟಿಯಾಗಿ ಬರಬೇಕು, ಎಲ್ಲಿಂದ ಬಂದ ಎಂದು ಯಾರೂ ಕೇಳಬಾರದು, ಕೇಳಿದರೂ ಅವನು ಹೇಳಬಾರದು. ಕೀಟನ್ ಆ ಪ್ರಶ್ನೆಗೆ ಮೊದಲ ದೃಶ್ಯದಲ್ಲೇ ಉತ್ತರ ಕೊಟ್ಟುಬಿಡುತ್ತಾನೆ. ಈ ಕಾಡುಮೇಡಿನ ವೀರ ಬಂದದ್ದು ಪಟ್ಟಣದಿಂದ, ಎಲ್ಲರ ಹಾಗೆ ರೈಲು ಹತ್ತಿ. ವೆಸ್ಟರ್ನ್ ಎಂಬುದು ನಗರದವರು ನಗರದವರಿಗಾಗಿ ಕಟ್ಟಿಕೊಂಡ ಕಥೆ ಎಂದು ವಿದ್ವಾಂಸರು ಪುಟಗಟ್ಟಲೆ ಬರೆದಿರುವುದು ಇಲ್ಲಿ ಒಂದೇ ಒಂದು ಶಾಟ್‌ನಲ್ಲಿ, ಒಂದಕ್ಷರದ ಉಪದೇಶವಿಲ್ಲದೆ ಮುಗಿದುಹೋಗುತ್ತದೆ.

ಮುಂದಿನದು ದರೋಡೆ. ಜೂಜಾಡುತ್ತಿರುವ ಜನರಿಂದ ತುಂಬಿದ ಹೆಂಡದಂಗಡಿಯನ್ನು ದೋಚಬೇಕೆಂದು ನಮ್ಮ ನಾಯಕ ತೀರ್ಮಾನಿಸುತ್ತಾನೆ; ಒಬ್ಬನೇ ಆದ್ದರಿಂದ ಒಬ್ಬ ಜೊತೆಗಾರ ಬೇಕು. ಬಂದೂಕು ಹಿಡಿದು ನಿಂತ ಮನುಷ್ಯನ ಚಿತ್ರವಿರುವ ಭಿತ್ತಿಪತ್ರವೊಂದು ಅವನ ಕಣ್ಣಿಗೆ ಬೀಳುತ್ತದೆ. ಆ ಆಕೃತಿಯನ್ನು ಅಂಚಿನುದ್ದಕ್ಕೂ ಕತ್ತರಿಸಿ ತೆಗೆದು, ಕಿಟಕಿಯ ಹೊರಗೆ ಒಳಮುಖವಾಗಿ ನಿಲ್ಲಿಸಿ, ತಾನು ಬಾಗಿಲಿನಿಂದ ಒಳಹೋಗಿ ಎಲ್ಲರೂ ಕೈ ಎತ್ತುವಂತೆ ಮಾಡುತ್ತಾನೆ. ಜೂಜುಕೋರರು ಕಿಟಕಿಯತ್ತ ಒಮ್ಮೆ ನೋಡಿ, ಚಕಾರವೆತ್ತದೆ ಹಣ ಒಪ್ಪಿಸುತ್ತಾರೆ. ರಟ್ಟಿನ ಆಕೃತಿ ಅಲುಗುವುದಿಲ್ಲ, ರೆಪ್ಪೆ ಬಡಿಯುವುದಿಲ್ಲ. ಅಷ್ಟರಿಂದಲೇ ಅದು ನಿಜವಾದ ಕೊಲೆಗಡುಕನಿಗಿಂತ ಹೆಚ್ಚು ಭಯ ಹುಟ್ಟಿಸುತ್ತದೆ. ಕಲ್ಲಿನಂಥ ಮುಖವೇ ಗಂಡಸುತನದ ಗುರುತು ಎಂದು ನಂಬಿಸಿದ ಚಿತ್ರಪ್ರಕಾರಕ್ಕೆ ಇದಕ್ಕಿಂತ ಚೆನ್ನಾದ ಏಟು ಬೇರೇನಿದ್ದೀತು? ಕೊನೆಗೆ ಗುಟ್ಟು ರಟ್ಟಾಗುವುದು ಜಾಣನೊಬ್ಬನಿಂದಲ್ಲ, ಆ ರಟ್ಟಿನವನ ಬಳಿಗೆ ತೂರಾಡುತ್ತ ಹೋದ ಕುಡುಕನಿಂದ. ಮರುಕ್ಷಣದಲ್ಲಿ ನಾಯಕ ಕಿಟಕಿಯಿಂದ ಹೊರಗೆ ಹಾರಿ ಬೀಳುತ್ತಾನೆ, ತಾನಾಗಿ ಅಲ್ಲ.

ಇಲ್ಲಿ ನಿಂತು ವಿಲಿಯಂ ಎಸ್. ಹಾರ್ಟ್ ಎಂಬ ನಟನ ವಿಚಾರ ಹೇಳಲೇಬೇಕು, ಏಕೆಂದರೆ ಈ ಚಿತ್ರ ಗುರಿಯಿಟ್ಟಿರುವುದು ಅವನ ಮೇಲೆ. 1864ರಲ್ಲಿ ಹುಟ್ಟಿದ ಹಾರ್ಟ್ ರಂಗಭೂಮಿಯಲ್ಲಿ ಷೇಕ್ಸ್‌ಪಿಯರ್ ನಾಟಕಗಳಲ್ಲಿ ಪಳಗಿದವನು. 1899ರಲ್ಲಿ ನ್ಯೂಯಾರ್ಕ್‌ನ ರಂಗಕೇಂದ್ರವಾದ ಬ್ರಾಡ್‌ವೇಯ ‘ಬೆನ್ ಹರ್’ ನಾಟಕದಲ್ಲಿ ಮೆಸಾಲನ ಪಾತ್ರ ವಹಿಸಿ ಹೆಸರು ಮಾಡಿದ್ದವನು. ಐವತ್ತರ ಹೊಸ್ತಿಲಲ್ಲಿ, 1914ರ ಸುಮಾರಿಗೆ, ಸಿನಿಮಾಕ್ಕೆ ಬಂದು ಅಮೆರಿಕದ ಅತಿ ದೊಡ್ಡ ಕೌಬಾಯ್ ತಾರೆಯಾದ. ಅವನ ಪಾತ್ರಗಳಿಗೆ ಒಂದು ಅಚ್ಚು ಇತ್ತು. ನಾಯಕ ಒಳಗೊಳಗೇ ಒಳ್ಳೆಯವನಾದ ಕೆಟ್ಟವನು. ಕುಡಿಯುತ್ತಾನೆ, ಜೂಜಾಡುತ್ತಾನೆ, ಕೊಲ್ಲಲು ಹಿಂಜರಿಯುವುದಿಲ್ಲ. ಆಮೇಲೆ ಪರಿಶುದ್ಧಳಾದ ಹೆಣ್ಣೊಬ್ಬಳ ಕಣ್ಣಲ್ಲಿ ಕಣ್ಣಿಟ್ಟ ಗಳಿಗೆಯಲ್ಲಿ ಅವನ ಒಳಗು ಕರಗುತ್ತದೆ, ಪರದೆಯ ತುಂಬ ಅವನ ಉದ್ದ ಮುಖ ಬರುತ್ತದೆ, ಕಣ್ಣು ತೇವವಾಗುತ್ತದೆ. 1916ರ ‘ಹೆಲ್ಸ್ ಹಿಂಜಸ್’ ನೋಡಿದವರಿಗೆ ಈ ಮಾದರಿ ಎಷ್ಟು ಪರಿಣಾಮಕಾರಿ ಎಂಬುದೂ, ಎಷ್ಟು ಸುಲಭವಾಗಿ ಲೇವಡಿಗೆ ಸಿಗುತ್ತದೆ ಎಂಬುದೂ ಒಟ್ಟಿಗೇ ತಿಳಿಯುತ್ತದೆ. ನಾಯಕ ನಿಧಾನವಾಗಿ ತಿರುಗಿ ನೋಡುವಾಗ ಇಡೀ ಲೋಕವೇ ಉಸಿರು ಹಿಡಿದು ಕಾಯಬೇಕು ಎಂಬ ಭಂಗಿಗೆ ಕನ್ನಡದ ಪ್ರೇಕ್ಷಕರೇನೂ ಹೊಸಬರಲ್ಲವಾದ್ದರಿಂದ, ಹಾರ್ಟ್‌ನ ಹೆಸರನ್ನೇ ಕೇಳದವರಿಗೂ ಕೀಟನ್‌ನ ಅಣಕ ಅರ್ಥವಾಗಲು ತೊಡಕಿಲ್ಲ.

ಈಗ ಆ ದೃಶ್ಯ. ಹೆಂಡದಂಗಡಿಯಿಂದ ಹೊರಬಿದ್ದ ನಾಯಕ ಮನೆಗೆ ಬರುತ್ತಾನೆ. ಒಳಗೆ ಒಬ್ಬ ಗಂಡಸು ಮತ್ತು ಒಬ್ಬಳು ಹೆಂಗಸು ಒಬ್ಬರನ್ನೊಬ್ಬರು ತಬ್ಬಿ ಮುತ್ತಿಡುತ್ತಿದ್ದಾರೆ. ಕ್ಯಾಮೆರಾ ಅವನ ಮುಖದ ಹತ್ತಿರಕ್ಕೆ ಬರುತ್ತದೆ. ಕೀಟನ್ ಎಂದರೆ ನಗದ, ಅಳದ ಮುಖ ಎಂದೇ ಲೋಕಪ್ರಸಿದ್ಧ. ಆ ಮುಖದ ಮೇಲೆ ದಪ್ಪನೆಯ ಗ್ಲಿಸರಿನ್ ಹನಿಯೊಂದು ಜಾರುತ್ತದೆ. ಅಷ್ಟೂ ಹೊತ್ತು ಮುಖದ ಒಂದು ಸ್ನಾಯುವೂ ಮಿಸುಕುವುದಿಲ್ಲ. ಹಾರ್ಟ್‌ನ ಚಿತ್ರದಲ್ಲಾದರೆ ಆ ಕಣ್ಣೀರು ನಾಯಕನ ಆತ್ಮ ಇನ್ನೂ ಜೀವಂತವಾಗಿದೆ ಎಂಬುದಕ್ಕೆ ಸಾಕ್ಷಿ. ಅದರ ನಂತರ ಅವನು ಏನು ಮಾಡಿದರೂ ಕ್ಷಮೆಯುಂಟು. ಕೀಟನ್ ಆ ತರ್ಕವನ್ನು ಚಾಚೂ ತಪ್ಪದೆ ಪಾಲಿಸುತ್ತಾನೆ: ಅಳುತ್ತಾನೆ, ಪಿಸ್ತೂಲು ತೆಗೆಯುತ್ತಾನೆ, ಇಬ್ಬರನ್ನೂ ಗುಂಡಿಟ್ಟು ಕೊಲ್ಲುತ್ತಾನೆ. ಆಮೇಲೆ ಸುತ್ತ ಕಣ್ಣಾಡಿಸಿ ನೋಡಿದರೆ, ಇದು ತನ್ನ ಮನೆಯೂ ಅಲ್ಲ, ಸತ್ತವಳು ತನ್ನ ಹೆಂಡತಿಯೂ ಅಲ್ಲ. ಈ ಸಂಗತಿಯನ್ನು ಒಂದು ಬರಹದ ಫಲಕ, ಅಂಗಡಿಯಲ್ಲಿ ಬೇರೆಯವರ ಕೊಡೆ ಎತ್ತಿಕೊಂಡವನ ಧಾಟಿಯಲ್ಲಿ ತಿಳಿಸುತ್ತದೆ. ಅವನು ಹೊರಟುಹೋಗುತ್ತಾನೆ.

ಈ ದೃಶ್ಯದ ಶಕ್ತಿಯಿರುವುದು ಅದರ ಮಿತವ್ಯಯದಲ್ಲಿ. ಅಣಕಿಸುವವನು ಸಾಮಾನ್ಯವಾಗಿ ಮೂಲದ ಭಂಗಿಯನ್ನು ಹಿಗ್ಗಿಸುತ್ತಾನೆ, ಕಣ್ಣು ಹೊರಳಿಸುತ್ತಾನೆ, ಇದು ತಮಾಷೆ ಎಂದು ನಮಗೆ ಸನ್ನೆ ಮಾಡುತ್ತಾನೆ. ಕೀಟನ್ ಭಂಗಿಯನ್ನು ಇದ್ದ ಹಾಗೆಯೇ ಉಳಿಸಿಕೊಂಡು, ಅದರ ಕೆಳಗಿನ ವಾಸ್ತವವನ್ನು ಮಾತ್ರ ಬದಲಿಸುತ್ತಾನೆ. ದುಃಖ ಅದೇ, ಘನತೆ ಅದೇ, ಗುಂಡಿನ ಗುರಿಯೂ ಅದೇ. ಮನೆಯ ವಿಳಾಸ ಮಾತ್ರ ತಪ್ಪು. ತಾನು ಸರಿ ಎಂಬ ಭಾವನೆಯ ತೀವ್ರತೆಯನ್ನೇ ಪುರಾವೆಯೆಂದು ಹಿಡಿದು ಪಿಸ್ತೂಲು ಎತ್ತುವ ನಾಯಕನನ್ನು ಇದರ ನಂತರ ಯಾವ ವೆಸ್ಟರ್ನ್ ಚಿತ್ರದಲ್ಲಿ ಕಂಡರೂ ನನಗೆ ಮನೆಯ ವಿಳಾಸದ ಬಗ್ಗೆ ಅನುಮಾನ ಬರುತ್ತದೆ.

ಹಾಸ್ಯದ ಹಿಂದೆ ಇಷ್ಟು ಹರಿತ ಎಲ್ಲಿಂದ ಬಂತು ಎಂಬುದಕ್ಕೆ ಆ ಕಾಲದ ಹಿನ್ನೆಲೆ ಬೇಕು. ಕೀಟನ್‌ನನ್ನು 1917ರಲ್ಲಿ ಸಿನಿಮಾಕ್ಕೆ ತಂದು ಕ್ಯಾಮೆರಾದ ಕೆಲಸ ಕಲಿಸಿದವನು ಆ ಕಾಲದ ಹೆಸರಾಂತ ಹಾಸ್ಯನಟ ರಾಸ್ಕೋ ಆರ್‌ಬಕಲ್. ಸ್ಯಾನ್ ಫ್ರಾನ್ಸಿಸ್ಕೋದ ಹೋಟೆಲಿನಲ್ಲಿ ನಡೆದ ಔತಣಕೂಟವೊಂದರ ಬೆನ್ನಿಗೇ ವರ್ಜೀನಿಯಾ ರಾಪೆ ಎಂಬ ನಟಿ ತೀರಿಕೊಂಡಾಗ, ಆ ಸಾವಿಗೆ ಕಾರಣನೆಂಬ ಆರೋಪದ ಮೇಲೆ 1921ರ ಸೆಪ್ಟೆಂಬರಿನಲ್ಲಿ ಆರ್‌ಬಕಲ್ ಬಂಧನಕ್ಕೊಳಗಾದ. ಎರಡು ವಿಚಾರಣೆಗಳಲ್ಲಿ ಜ್ಯೂರಿ, ಅಂದರೆ ತೀರ್ಪು ಕೊಡುವ ನಾಗರಿಕರ ಮಂಡಳಿ, ಒಮ್ಮತಕ್ಕೆ ಬರಲಿಲ್ಲ. ಮೂರನೆಯದರಲ್ಲಿ, 1922ರ ಏಪ್ರಿಲ್‌ನಲ್ಲಿ, ಅವನು ನಿರ್ದೋಷಿ ಎಂದು ತೀರ್ಪಾಯಿತು, ಅನ್ಯಾಯವಾಗಿದೆ ಎಂದು ಜ್ಯೂರಿಯೇ ಲಿಖಿತ ಹೇಳಿಕೆ ಕೊಟ್ಟಿತು. ತೀರ್ಪಿನ ಬಳಿಕ ಒಂದೇ ವಾರದೊಳಗೆ ಚಿತ್ರೋದ್ಯಮ ಅವನ ಚಿತ್ರಗಳಿಗೆ ನಿಷೇಧ ಹೇರಿತು. ವಿಚಾರಣೆಯ ಕಾಲದಲ್ಲಿ ಆರ್‌ಬಕಲ್ ತಪ್ಪಿತಸ್ಥನೇ ಎಂಬ ಧಾಟಿಯಲ್ಲಿ ಬಹಿರಂಗವಾಗಿ ಮಾತನಾಡಿದವರಲ್ಲಿ ಹಾರ್ಟ್ ಒಬ್ಬನಾಗಿದ್ದ ಎಂಬುದು ದಾಖಲಾಗಿದೆ. ‘ದಿ ಫ್ರೋಜನ್ ನಾರ್ತ್’ ತೆರೆಗೆ ಬಂದದ್ದು ಅದೇ ವರ್ಷದ ಆಗಸ್ಟ್‌ನಲ್ಲಿ. ಚಿತ್ರದ ಮೂಲ ಎಳೆಯನ್ನು ಆರ್‌ಬಕಲ್‌ನೇ ಕೊಟ್ಟನೆಂಬ ಮಾತೂ ಉಂಟು. ಅದೇನೇ ಇರಲಿ, ಹಾರ್ಟ್‌ಗೆ ಏಟು ಸರಿಯಾಗಿಯೇ ತಾಗಿತ್ತು. ಬಹುಕಾಲ ಅವನು ಕೀಟನ್ ಜೊತೆ ಮಾತು ಬಿಟ್ಟ. ವಿಚಾರಣೆಯಿಲ್ಲದೆ ಇನ್ನೊಬ್ಬರ ಮನೆಗೆ ನುಗ್ಗಿ, ಕಣ್ಣೀರು ಸುರಿಸುತ್ತಲೇ ಗುಂಡು ಹಾರಿಸುವ ನಾಯಕ ಯಾರ ಚಿತ್ರವೆಂದು ಆ ವರ್ಷದ ಹಾಲಿವುಡ್‌ಗೆ ಬಿಡಿಸಿ ಹೇಳಬೇಕಾಗಿರಲಿಲ್ಲ.

ಹಾಗೆಂದು ಹಾರ್ಟ್‌ನ ಕಣ್ಣೀರು ಬರೀ ಬೂಟಾಟಿಕೆಯಾಗಿತ್ತು ಎಂದು ಹೇಳಲು ನಾನು ಸಿದ್ಧನಿಲ್ಲ. 1925ರ ‘ಟಂಬಲ್‌ವೀಡ್ಸ್’ ಅವನ ಕೊನೆಯ ಚಿತ್ರ; 1939ರಲ್ಲಿ ಅದು ಮತ್ತೆ ಬಿಡುಗಡೆಯಾದಾಗ ಹಾರ್ಟ್ ನ್ಯೂಹಾಲ್‌ನಲ್ಲಿದ್ದ ತನ್ನ ತೋಟದಲ್ಲಿ ಕೌಬಾಯ್ ವೇಷದಲ್ಲೇ ನಿಂತು ಪ್ರೇಕ್ಷಕರಿಗೆ ವಿದಾಯ ಹೇಳುವ ಮುನ್ನುಡಿಯೊಂದನ್ನು ಚಿತ್ರೀಕರಿಸಿ ಸೇರಿಸಿದ. ಎಪ್ಪತ್ತು ದಾಟಿದ ಆ ಮುದುಕ ಹಳೆಯ ನಾಟಕದ ಧ್ವನಿಯಲ್ಲಿ, ಗಂಟಲು ಕಟ್ಟುತ್ತ, ತನ್ನ ಕುದುರೆಯನ್ನೂ ಸವಾರಿಯ ದಿನಗಳನ್ನೂ ನೆನೆಯುವುದನ್ನು ನೋಡಿದರೆ, ಅವನು ತನ್ನ ಪಾತ್ರಗಳನ್ನು ಪೂರ್ತಿ ನಂಬಿದ್ದ ಎಂಬುದರಲ್ಲಿ ಸಂಶಯ ಉಳಿಯುವುದಿಲ್ಲ. ಕೀಟನ್‌ನ ವಿಡಂಬನೆಯನ್ನು ಇದು ದುರ್ಬಲಗೊಳಿಸುವುದಿಲ್ಲ. ಅಷ್ಟು ಪ್ರಾಮಾಣಿಕವಾಗಿ ನಂಬಿದವನೇ ಹೆಚ್ಚು ಅಪಾಯಕಾರಿ ಎಂದು ಬೇಕಾದರೆ ವಾದಿಸಬಹುದು. ಆದರೆ ಎರಡನ್ನೂ ನೋಡಿದವನಿಗೆ ನಗು ಸ್ವಲ್ಪ ಕಹಿಯಾಗುವುದಂತೂ ನಿಜ.

ಚಿತ್ರದ ಮುಂದಿನ ಭಾಗದಲ್ಲಿ ಇಂದಿನ ಪ್ರೇಕ್ಷಕರು ಮುಜುಗರಪಡುವ ದೃಶ್ಯವೊಂದಿದೆ. ನಾಯಕ ಕೊನೆಗೂ ತನ್ನ ಮನೆಗೆ ಬರುತ್ತಾನೆ. ಅಕ್ಕರೆಯಿಂದ ಎದುರುಗೊಂಡ ಹೆಂಡತಿಯನ್ನು ತಿರಸ್ಕಾರದಿಂದ ತಳ್ಳಿಹಾಕುತ್ತಾನೆ. ಮೇಲಿನಿಂದ ಬಿದ್ದ ಹೂದಾನಿ ತಲೆಗೆ ತಗುಲಿ ಅವಳು ಪ್ರಜ್ಞೆ ತಪ್ಪುತ್ತಾಳೆ. ಕಿರುಚಾಟ ಕೇಳಿ ಪೊಲೀಸಿನವನು ಇಣುಕಿದಾಗ, ನಾಯಕ ಅವಳನ್ನು ಎತ್ತಿ ನಿಲ್ಲಿಸಿ, ಗಂಡಹೆಂಡಿರು ಸುಖವಾಗಿ ಕುಣಿಯುತ್ತಿರುವಂತೆ ನಟಿಸುತ್ತಾನೆ. ಕೀಟನ್‌ನ ದೇಹದ ಮೇಲಿನ ಹಿಡಿತ ಇಲ್ಲಿ ಬೆರಗು ಹುಟ್ಟಿಸುವಂಥದ್ದು. ಎಚ್ಚರವಿಲ್ಲದ ದೇಹದ ಭಾರವನ್ನೂ ಕುಣಿತದ ಹಗುರವನ್ನೂ ಅವನು ಒಂದೇ ಚಲನೆಯಲ್ಲಿ ಹಿಡಿದಿಡುತ್ತಾನೆ. ಹೆಂಡತಿಯಾಗಿರುವ ಸಿಬಿಲ್ ಸೀಲಿ, 1920ರ ‘ಒನ್ ವೀಕ್’ನಲ್ಲಿ ಅವನಿಗೆ ಸರಿಸಾಟಿಯಾಗಿ ನಿಂತಿದ್ದ ಚುರುಕಿನ ನಟಿ, ಇಲ್ಲಿ ಮಾಡಲು ಏನೂ ಇಲ್ಲದೆ ಉಳಿದಿದ್ದಾಳೆ. ದೃಶ್ಯ ವಿಡಂಬನೆಯೇ ಹೌದು: ಪರಸ್ತ್ರೀಯ ಪರಿಶುದ್ಧತೆಗೆ ಕಣ್ಣೀರಿಡುವ ನಾಯಕ ತನ್ನ ಮನೆಯಲ್ಲಿ ಹೇಗಿರುತ್ತಾನೆ ಎಂಬುದನ್ನು ಅದು ತೋರಿಸುತ್ತದೆ. ಆದರೂ ಚಿತ್ರ ಗಂಡನ ಕ್ರೌರ್ಯವನ್ನು ನೋಡಿ ನಗುತ್ತಿದೆಯೋ, ಅವನ ಜಾಣತನವನ್ನು ಮೆಚ್ಚಿ ನಗುತ್ತಿದೆಯೋ ಎಂಬುದು ಎಲ್ಲ ಗಳಿಗೆಯಲ್ಲೂ ಸ್ಪಷ್ಟವಿಲ್ಲ. ಮಕ್ಕಳ ಜೊತೆ ಕೂತು ನೋಡುವವರು ಇದನ್ನು ಮೊದಲೇ ತಿಳಿದಿರುವುದು ಒಳ್ಳೆಯದು.

ಅಲ್ಲಿಂದಾಚೆಗೆ ಚಿತ್ರ ಗುರಿಯಿಂದ ದೂರ ಸರಿಯುತ್ತದೆ. ನಾಯಕ ನೆರೆಮನೆಯ ಸುಂದರಿಯ ಬೆನ್ನು ಹತ್ತುತ್ತಾನೆ, ದೈತ್ಯದೇಹದ ಜೋ ರಾಬರ್ಟ್ಸ್ ಅವನಿಗೆ ಜೊತೆಯಾಗುತ್ತಾನೆ, ಹಿಮದಲ್ಲಿ ಅಟ್ಟಾಟ ನಡೆಯುತ್ತದೆ. ಎರಡು ಗಿಟಾರುಗಳನ್ನು ಪಾದಕ್ಕೆ ಸಿಕ್ಕಿಸಿ ಹಿಮದ ಮೇಲೆ ನಡೆಯುವುದು ಒಂದು ಜೋಕು. ಮಂಜುಗಡ್ಡೆಯಲ್ಲಿ ತೂತು ಕೊರೆದು ಮೀನು ಹಿಡಿಯಲು ಹೋಗಿ ಬೇರೊಬ್ಬ ಗಾಳದವನ ಜೊತೆ ಸಿಕ್ಕಿಹಾಕಿಕೊಳ್ಳುವುದು ಇನ್ನೊಂದು. ಒಂದೊಂದನ್ನೂ ಬಿಡಿಯಾಗಿ ನೋಡಿದರೆ ಕೆಟ್ಟದ್ದೇನಲ್ಲ, ಗಿಟಾರಿನದಂತೂ ಅಪ್ಪಟ ಕೀಟನ್. ಆದರೆ ಇವನ್ನು ಹಿಮದ ಪ್ರದೇಶದ ಯಾವುದೇ ಹಾಸ್ಯಚಿತ್ರದಲ್ಲಿ, ಯಾವುದೇ ಪಾತ್ರಕ್ಕೆ ಹೊಂದಿಸಬಹುದಿತ್ತು. ಮೊದಲ ಅರ್ಧವನ್ನು ಹುರಿಗೊಳಿಸಿದ್ದು ಒಬ್ಬ ನಿರ್ದಿಷ್ಟ ಮನುಷ್ಯನ ಮೇಲಿನ ಸಿಟ್ಟು. ಹೇಳಬೇಕಾದ್ದನ್ನು ಹೇಳಿ ಸಿಟ್ಟು ಇಳಿದ ಮೇಲೆ ಕೀಟನ್‌ನ ಕೈಯಲ್ಲಿ ಉಳಿದದ್ದು ಒಂದು ರೀಲಿನಷ್ಟು ಫಿಲ್ಮು ಮತ್ತು ಬೇಕಾದಷ್ಟು ಹಿಮ. ಹಗೆಯಿಂದ ಹುಟ್ಟಿದ ವಿಡಂಬನೆಗೆ ಈ ತೊಡಕು ತಪ್ಪಿದ್ದಲ್ಲ: ಅದಕ್ಕೆ ಆರಂಭ ಚೆನ್ನಾಗಿ ಗೊತ್ತು, ಮುಂದುವರಿಯುವುದು ಗೊತ್ತಿರುವುದಿಲ್ಲ.

ಹಿಮದ ಬಗ್ಗೆ ಒಂದು ಮಾತು. ಅದು ಸ್ಟುಡಿಯೊದ ಉಪ್ಪು ಹತ್ತಿಯ ಹಿಮವಲ್ಲ. ಚಿತ್ರೀಕರಣ ನಡೆದದ್ದು ಕ್ಯಾಲಿಫೋರ್ನಿಯಾದ ಟ್ರಕೀ ಊರಿನ ಸುತ್ತಮುತ್ತ, ಸಿಯೆರಾ ನೆವಾಡ ಬೆಟ್ಟಗಳಲ್ಲಿ. ಛಾಯಾಗ್ರಾಹಕ ಎಲ್ಜಿನ್ ಲೆಸ್ಲಿ ಕಪ್ಪು ಆಕೃತಿಗಳನ್ನು ಬಿಳಿಯ ವಿಸ್ತಾರದಲ್ಲಿ ಸಣ್ಣದಾಗಿ ನಿಲ್ಲಿಸುವ ಕ್ರಮ ಕೀಟನ್‌ನ ಹಾಸ್ಯಕ್ಕೆ ಹೇಳಿ ಮಾಡಿಸಿದಂತಿದೆ. ಕಥೆ ಸಡಿಲವಾದ ಕಡೆಯಲ್ಲೂ ನಾನು ಪರದೆಯಿಂದ ಕಣ್ಣು ತೆಗೆಯದಿರಲು ಇದೇ ಕಾರಣ.

ಕೊನೆಯ ಹಂತದಲ್ಲಿ ವಿಡಂಬನೆ ಮತ್ತೊಮ್ಮೆ ಮಿಂಚುತ್ತದೆ, ಈ ಬಾರಿ ಬೇರೊಬ್ಬನ ಮೇಲೆ. ನಟ, ನಿರ್ದೇಶಕ ಎರಿಕ್ ಫಾನ್ ಸ್ಟ್ರೋಹೈಮ್‌ನ ‘ಫೂಲಿಷ್ ವೈವ್ಸ್’ 1922ರ ಜನವರಿಯಲ್ಲಷ್ಟೇ ಬಂದಿತ್ತು. ಅದರಲ್ಲಿ ಅವನು ಸಮವಸ್ತ್ರ ತೊಟ್ಟು ಹೆಂಗಸರನ್ನು ಬಲೆಗೆ ಕೆಡವುವ ನಕಲಿ ಕೌಂಟ್, ಅಂದರೆ ಸಿರಿವಂಶದ ಬಿರುದು ಹೊತ್ತ ಸೋಗಿನವನು. ನೆರೆಮನೆಯವಳ ಎದುರು ನಮ್ಮ ಕೌಬಾಯ್ ಇದ್ದಕ್ಕಿದ್ದಂತೆ ಅದೇ ಬಿಳಿಯ ಸಮವಸ್ತ್ರದಲ್ಲಿ, ಅದೇ ಠೀವಿಯಲ್ಲಿ ಕಾಣಿಸಿಕೊಳ್ಳುತ್ತಾನೆ. ಪರದೆಯ ಮೇಲೆ ಇದು ಇರುವುದು ಸ್ವಲ್ಪವೇ ಹೊತ್ತು. ಕಣ್ಣೀರಿನ ನಾಯಕನೂ ಹೆಣ್ಣುಬಾಕ ಖಳನೂ ಒಂದೇ ದೇಹದ ಎರಡು ಉಡುಪುಗಳು ಎಂಬ ಈ ಹೊಳಹನ್ನು ಇನ್ನಷ್ಟು ಬೆಳೆಸಿದ್ದರೆ ಚಿತ್ರ ಎಲ್ಲಿಗೋ ಹೋಗುತ್ತಿತ್ತು. ಬದಲಿಗೆ ಹೊಡೆದಾಟ, ಗುಂಡು, ಮತ್ತು ಹೆಂಡತಿಯ ಕೈಯಿಂದಲೇ ನಾಯಕನಿಗೆ ಬೀಳುವ ಗುಂಡೇಟು. ಅಷ್ಟರಲ್ಲಿ ದೃಶ್ಯ ಬದಲಾಗುತ್ತದೆ: ಖಾಲಿಯಾದ ಚಿತ್ರಮಂದಿರದ ಆಸನದಲ್ಲಿ ಮಲಗಿದ್ದ ಕೀಟನ್‌ನನ್ನು ಕೆಲಸದವನು ತಟ್ಟಿ ಎಬ್ಬಿಸುತ್ತಿದ್ದಾನೆ, ಆಟ ಮುಗಿದಿದೆ.

ಎಲ್ಲವೂ ಕನಸಾಗಿತ್ತು ಎಂಬ ಮುಕ್ತಾಯ ಸಾಮಾನ್ಯವಾಗಿ ಬರಹಗಾರನ ಸೋಮಾರಿತನದ ಗುರುತು. ಇಲ್ಲಿ ಅದನ್ನು ಪೂರ್ತಿ ತಳ್ಳಿಹಾಕಲು ನನಗೆ ಮನಸ್ಸಿಲ್ಲ. ನಿದ್ದೆ ಹೋದದ್ದು ಬೇರೆಲ್ಲೂ ಅಲ್ಲ, ಸಿನಿಮಾ ನೋಡುತ್ತ. ಕಂಡದ್ದು ತಾನೇ ಹಾರ್ಟ್ ಆದ ಕನಸು. ಕೊಲೆ, ದರೋಡೆ, ಪರಸ್ತ್ರೀ ಮೋಹ, ಇವೆಲ್ಲವನ್ನೂ ಘನತೆಯ ಮುಖವಿಟ್ಟುಕೊಂಡು ಮಾಡುವ ಆಸೆ ಪರದೆಯ ಮೇಲಿನವನದಷ್ಟೇ ಅಲ್ಲ, ಟಿಕೆಟ್ ಕೊಂಡು ಕೂತವನದೂ ಹೌದು. ಎರಡು ವರ್ಷಗಳ ನಂತರ ‘ಷರ್ಲಾಕ್ ಜೂನಿಯರ್’ನಲ್ಲಿ, ಪ್ರೊಜೆಕ್ಟರ್ ಪಕ್ಕ ನಿದ್ದೆ ಹೋಗಿ ಪರದೆಯೊಳಕ್ಕೆ ನಡೆದುಹೋಗುವ ನೌಕರನ ಮೂಲಕ ಕೀಟನ್ ಇದೇ ಕಲ್ಪನೆಯನ್ನು ಶಿಖರಕ್ಕೇರಿಸಿದ. ಬೀಜ ಇಲ್ಲಿದೆ, ಆದರೆ ಅವಸರದಲ್ಲಿ ಬಿತ್ತಿದ್ದು.

ವೆಸ್ಟರ್ನ್ ಪ್ರಕಾರದ ಜೊತೆ ಕೀಟನ್‌ನ ಉಳಿದ ಮುಖಾಮುಖಿಗಳ ಪಕ್ಕದಲ್ಲಿಟ್ಟಾಗ ಈ ಚಿತ್ರದ ಸ್ಥಾನ ಸ್ಪಷ್ಟವಾಗುತ್ತದೆ. 1918ರ ‘ಔಟ್ ವೆಸ್ಟ್’ನಲ್ಲಿ ಆರ್‌ಬಕಲ್ ನಾಯಕ, ಕೀಟನ್ ಹೆಂಡದಂಗಡಿಯ ಒಡೆಯ, ಎಲ್ಲವನ್ನೂ ಹಿಗ್ಗಿಸಿ ತೋರಿಸುವ ಗದ್ದಲದ ಅಣಕವದು, ಕಪ್ಪು ಮನುಷ್ಯನೊಬ್ಬನ ಕಾಲಿಗೆ ಗುಂಡು ಹಾರಿಸಿ ಕುಣಿಸುವ ಹೇಯ ದೃಶ್ಯದಿಂದಾಗಿ ಇವತ್ತು ನೋಡುವುದೇ ಕಷ್ಟ. 1925ರ ‘ಗೋ ವೆಸ್ಟ್’ ಪೂರ್ಣಪ್ರಮಾಣದ ಚಿತ್ರ. ಅದರಲ್ಲಿ ಬ್ರೌನ್ ಐಸ್ ಎಂಬ ಹಸುವೇ ನಾಯಕಿ. ನಗದಿದ್ದರೆ ಗುಂಡು ಹಾರಿಸುವೆನೆಂದು ಎದುರಾಳಿ ಬೆದರಿಸಿದಾಗ ಕೀಟನ್ ಎರಡು ಬೆರಳುಗಳಿಂದ ತುಟಿಯ ಅಂಚುಗಳನ್ನು ಮೇಲಕ್ಕೆ ತಳ್ಳುವ ಪ್ರಸಿದ್ಧ ಗಳಿಗೆ ಬರುವುದು ಅದರಲ್ಲೇ. ‘ಗೋ ವೆಸ್ಟ್’ ಹೆಚ್ಚು ಮೃದುವಾದ, ಹೆಚ್ಚು ಪೂರ್ಣವಾದ ಕೃತಿ ಎಂಬುದನ್ನು ಒಪ್ಪುತ್ತೇನೆ. ಆದರೆ ಅದು ವೆಸ್ಟರ್ನ್‌ನ ಬಾಗಿಲಲ್ಲಿ ನಿಂತ ಪಾಪದವನ ಕಥೆ. ನಾಯಕನ ಚರ್ಮದೊಳಗೆ ಹೊಕ್ಕು ಅವನನ್ನು ಹಾಸ್ಯಾಸ್ಪದ ಮಾಡುವ ಧೈರ್ಯ ಇರುವುದು ಈ ಕಿರುಚಿತ್ರದಲ್ಲಿ ಮಾತ್ರ. ಪ್ರೇಕ್ಷಕರಿಗೆ ಪ್ರೀತಿಸಲು ಒಬ್ಬರನ್ನೂ ಕೊಡದ ಕೀಟನ್ ಚಿತ್ರ ಇದೊಂದೇ ಇರಬೇಕು, ಹಾಗಾಗಿಯೇ ಅವನ ಅಭಿಮಾನಿಗಳಲ್ಲೂ ಅನೇಕರು ಇದನ್ನು ಕೆಳಗಿನ ಸಾಲಿಗೆ ತಳ್ಳುತ್ತಾರೆ.

ನೋಡಬಯಸುವವರಿಗೆ: ಚಿತ್ರ ನೂರು ವರ್ಷ ಹಳೆಯದಾದ್ದರಿಂದ ಹಕ್ಕುಸ್ವಾಮ್ಯದ ತಡೆಯಿಲ್ಲದೆ ಅಂತರ್ಜಾಲದಲ್ಲಿ ಉಚಿತವಾಗಿ ಸಿಗುತ್ತದೆ, ಆದರೆ ಹೀಗೆ ಸಿಗುವ ಪ್ರತಿಗಳೆಲ್ಲ ಒಂದೇ ಗುಣಮಟ್ಟದವಲ್ಲ. ಕೆಲವದರಲ್ಲಿ ಹಿಮದ ಬಿಳುಪು ಉಕ್ಕಿ ಮುಖಗಳೇ ಅಳಿಸಿಹೋಗಿವೆ. ಕಣ್ಣೀರಿನ ದೃಶ್ಯದಲ್ಲಿ ಆ ಹನಿ ಕಾಣದಿದ್ದರೆ ನೋಡಿ ಫಲವಿಲ್ಲ. ಕೀಟನ್‌ನ ಕಿರುಚಿತ್ರಗಳನ್ನು ಒಟ್ಟುಗೂಡಿಸಿ ತಂದಿರುವ, ಹೊಸದಾಗಿ ಶುಚಿಗೊಳಿಸಿದ ಬ್ಲೂ-ರೇ ಸಂಪುಟ ಸಿಕ್ಕರೆ ಅದನ್ನೇ ಆರಿಸಿಕೊಳ್ಳಿ. ಉಚಿತ ಪ್ರತಿಗಳಿಗೆ ಅಂಟಿಸಿರುವ ಪಿಯಾನೊ ಸಂಗೀತ ಹಲವು ಕಡೆ ದೃಶ್ಯಕ್ಕೆ ಸಂಬಂಧವೇ ಇಲ್ಲದಂತೆ ಓಡುತ್ತದೆ; ಅಂಥಲ್ಲಿ ಸದ್ದು ಪೂರ್ತಿ ಅಡಗಿಸಿ ನೋಡುವುದು ಮೇಲು. ಸಮಯವಿದ್ದರೆ ಹಿಂದಿನ ದಿನ ‘ಹೆಲ್ಸ್ ಹಿಂಜಸ್’ ನೋಡಿ ಮುಗಿಸಿ. ಒಂದು ಗಂಟೆಯ ಆ ಗಂಭೀರ ಚಿತ್ರ ಹೊತ್ತು ಕಳೆಯಲೂ ಚೆನ್ನಾಗಿಯೇ ಇದೆ, ಅದಾದ ಮೇಲೆ ಕೀಟನ್ ತಪ್ಪು ಮನೆಯ ಬಾಗಿಲು ತಳ್ಳಿದಾಗ ನಗು ಎರಡು ಪಟ್ಟು ಬರುತ್ತದೆ.